ಕೋಡಿಬಂಡೆಯ ಬೂದಿ

ಇರಲಿ ಎಂದು ಬೇಡಿಕೊಳ್ಳುತ್ತಿದ್ದಾಳೋ ಇಲ್ಲದಿರಲಿ ಎಂದು ಬೇಡಿಕೊಳ್ಳುತ್ತಿದ್ದಾಳೋ, ಕದಿರಮ್ಮನಿಗೇ ತಿಳಿಯುತ್ತಿರಲಿಲ್ಲ. ಮುಂದಿನ ಕಲ್ಲಿನ ಮೇಲೆ ಮೊಳದುದ್ದದ ಕೊರಮೀನು ಬಿದ್ದುಕೊಂಡಿತ್ತು. ಬೂದಿ ಹಾಕಿ ಉಜ್ಜಿ ಲೋಳೆ ತೆಗೆದಾಗಿತ್ತು, ಹುರುಪೆ ಹೆರೆದಾಗಿತ್ತು, ರೆಕ್ಕೆ ಕತ್ತರಿಸಿ ಆಗಿತ್ತು. ಇನ್ನು ಹೊಟ್ಟೆ ಸೀಳುವುದೊಂದೇ ಉಳಿದದ್ದು. ಆದರೆ ಅವಳು ಮತ್ತೊಮ್ಮೆ ಬೂದಿ ಹಾಕಿ, ಆಗಲೇ ನುಣ್ಣಗಾಗಿದ್ದ ಮೈಯನ್ನು ಉಜ್ಜುತ್ತಾ ಕುಳಿತಿದ್ದಳು. ಮೂವತ್ತಾರು ವರ್ಷದ ಹೆಂಗಸು, ಹೊತ್ತು ನೆತ್ತಿಗೇರುವ ಮೊದಲೇ ಕೆರೆಯ ಕೋಡಿಯ ಮೇಲೆ ಕುಕ್ಕರಗಾಲಿನಲ್ಲಿ ಕೂತು, ಹಬ್ಬಕ್ಕೆ ಹೊಸ ಬಳೆ ಕೊಡಿಸುತ್ತಾರೋ ಇಲ್ಲವೋ ಎಂದು ಕಾಯುವ ಹುಡುಗಿಯ ಹಾಗೆ ಒಳಗೊಳಗೇ ನಡುಗುತ್ತಿದ್ದಾಳೆ ಎಂದು ಯಾರಿಗಾದರೂ ತಿಳಿದರೆ ನಗುತ್ತಾರೆ. ತಿಳಿಯುವ ಹಾಗಿರಲಿಲ್ಲ. ಕೋಡಿಬಂಡೆಯ ಮೇಲೆ ಇಪ್ಪತ್ತು ಹೆಂಗಸರಿದ್ದರೂ ಒಬ್ಬಳ ಮುಖ ಇನ್ನೊಬ್ಬಳಿಗೆ ಕಾಣುತ್ತಿರಲಿಲ್ಲ.

ಈ ಊರಿನಲ್ಲಿ ಮೀನು ಸೀಳುವಾಗ ಹೆಂಗಸರು ಬೆನ್ನಿಗೆ ಬೆನ್ನು ಕೊಟ್ಟು ಕೂರುತ್ತಾರೆ. ವೈಶಾಖದಲ್ಲಿ ಕೆರೆ ಬತ್ತಿ ಮೊಣಕಾಲುದ್ದ ನೀರು ಉಳಿದಾಗ ಗಂಡಸರೆಲ್ಲ ಒಟ್ಟಿಗೆ ಇಳಿದು, ಬಲೆ, ಬುಟ್ಟಿ, ಹಳೆಯ ಪಂಚೆ, ಸಿಕ್ಕಿದ್ದರಲ್ಲೆಲ್ಲ ಮೀನು ಬಾಚಿ ಏರಿಯ ಮೇಲೆ ರಾಶಿ ಹಾಕುತ್ತಾರೆ. ಮನೆಗಿಷ್ಟು ಎಂದು ಚೀಟಿ ಎತ್ತಿ ಪಾಲು ಮಾಡುತ್ತಾರೆ. ಪಾಲು ಬಂದ ಕೂಡಲೇ ಹೆಂಗಸರು ಮೊರದಷ್ಟು ಬೂದಿ ತಂದು, ತಮ್ಮ ತಮ್ಮ ಕಲ್ಲು ಹಿಡಿದು, ಒಬ್ಬರಿಗೊಬ್ಬರು ಬೆನ್ನು ಮಾಡಿ ಕೂತುಬಿಡುತ್ತಾರೆ. ಒಬ್ಬಳ ಮೀನನ್ನು ಇನ್ನೊಬ್ಬಳು ನೋಡಿದರೆ ದೃಷ್ಟಿ ತಾಕುತ್ತದೆ, ಸಾರು ಹಳಸುತ್ತದೆ. ಬೇಡದ್ದನ್ನೆಲ್ಲ ಎಡಗಡೆಯ ಬೂದಿಯಲ್ಲಿ ಹೂತು ಏಳಬೇಕು. ಹೊಟ್ಟೆಯಲ್ಲಿ ಕಂಡದ್ದನ್ನು ಬಾಯಲ್ಲಿ ಆಡಬಾರದು. ಮದುವೆಯಾಗಿ ಬಂದ ಮೊದಲ ಬೇಸಿಗೆಯಲ್ಲೇ ಕದಿರಮ್ಮ ಇದನ್ನು ಕಲಿತದ್ದು, ಅದೂ ಮಣಿಕಟ್ಟಿನ ಮೇಲೆ. ಅತ್ತೆ ಮುನಿಗಂಗಮ್ಮನ ಐದು ಬೆರಳಿನ ಹಿಡಿತ ಈಗಲೂ ಅಲ್ಲಿದೆ ಎಂದು ಕೆಲವೊಮ್ಮೆ ಅನ್ನಿಸುತ್ತದೆ. ಹದಿನೆಂಟು ವರ್ಷದ ಹೊಸ ಸೊಸೆ, ಮೀನಿನ ಹೊಟ್ಟೆ ಬಿಡಿಸಿದ ಕೂಡಲೇ ಕೆಂಪಗೆ, ದಾರದ ಉಂಡೆಯ ಹಾಗೆ ಸುತ್ತಿಕೊಂಡದ್ದೇನೋ ಕಂಡು, ಅದು ಮೆಲ್ಲಗೆ ತಲೆ ಎತ್ತಿದ್ದು ಕಂಡು, ಹೆದರಿಕೆಯಿಂದಲ್ಲ, ಸಂತೋಷದಿಂದಲೇ ಇರಬೇಕು, "ಅತ್ತಮ್ಮಾ, ಇಲ್ಲಿ ನೋಡಿ!" ಎಂದು ಕೂಗಿದ್ದಳು. ಮುನಿಗಂಗಮ್ಮ ತಿರುಗಿದವಳೇ ಅವಳ ಕೈ ಹಿಡಿದು, ಕೈಯಲ್ಲಿದ್ದುದರ ಸಮೇತ ಬೂದಿಯೊಳಕ್ಕೆ ಒತ್ತಿ, ಕಿವಿಯ ಹತ್ತಿರ ಬಾಯಿ ತಂದು, "ನಮ್ಮ ಮನೇಲಿ ಇದು ಯಾವತ್ತೂ ಬಂದಿಲ್ಲ. ಬಾಯಿ ಬಿಡಬೇಡ" ಎಂದಿದ್ದಳು. ಸುತ್ತಲಿನ ಹೆಂಗಸರು ಯಾರೂ ತಿರುಗಿರಲಿಲ್ಲ. ಇಪ್ಪತ್ತು ಬೆನ್ನುಗಳು. ಆ ಬೆನ್ನುಗಳೆಲ್ಲ ಕೇಳಿಸಿಕೊಂಡವು ಎಂದು ಅವಳಿಗೆ ಗೊತ್ತಿತ್ತು.

ಯಾವತ್ತೂ ಬಂದಿಲ್ಲ. ಅವಳು ಬರುವವರೆಗೆ ಬಂದಿಲ್ಲ. ಮರುವರ್ಷವೂ ಬಂತು, ಅದರ ಮರುವರ್ಷವೂ. ಮಳೆ ಕೈಕೊಟ್ಟು ಕೆರೆ ತುಂಬದ ವರ್ಷಗಳನ್ನು ಬಿಟ್ಟರೆ ಒಂದು ಬೇಸಿಗೆಯೂ ತಪ್ಪಲಿಲ್ಲ. ಚೀಟಿ ಎತ್ತಿ ಬಂದ ಪಾಲು ಯಾವುದೇ ಆಗಲಿ, ದೊಡ್ಡ ಕೊರಮೀನು ಅವಳ ಕೈಗೆ ಬಂದರೆ ಅದರ ಹೊಟ್ಟೆಯಲ್ಲಿ ಆ ಕೆಂಪು ಉಂಡೆ ಅವಳಿಗಾಗಿಯೇ ಕಾದುಕೊಂಡಿರುತ್ತಿತ್ತು. ತನ್ನ ಹೊಟ್ಟೆಯಲ್ಲಿ ಏನೂ ನಿಲ್ಲಲಿಲ್ಲ. ಎರಡನ್ನೂ ಯಾವಾಗ ಒಂದಕ್ಕೊಂದು ಗಂಟು ಹಾಕಿಕೊಂಡಳೋ ಅವಳಿಗೆ ನೆನಪಿಲ್ಲ. ಓರಗಿತ್ತಿ ಭಾರತಮ್ಮ ಬಂದಮೇಲೆ ಇರಬೇಕು. ಭಾರತಮ್ಮ ಬಂದ ಹತ್ತೇ ತಿಂಗಳಿಗೆ ಹೆತ್ತಳು. ಆಮೇಲೆ ಮತ್ತೆರಡು. ತೊಟ್ಟಿಲು ಕಟ್ಟುವ ದಿನ ಮುನಿಗಂಗಮ್ಮ, ಜೋರಾಗಿಯೇನೂ ಅಲ್ಲ, ಚಾಪೆ ಸರಿಸುವ ನೆಪದಲ್ಲಿ, "ಕದ್ರಿ, ನೀನು ಒಸಿ ಈಚೆಗೆ ಬಾ" ಎಂದಿದ್ದಳು. ಅಷ್ಟೇ. ಈಚೆಗೆ ಬಂದಳು. ಕೋಡಿಯ ಮೇಲೂ ಹಾಗೆಯೇ, ಮೊದಲ ವರ್ಷ ಅತ್ತೆಯ ಪಕ್ಕದಲ್ಲಿದ್ದ ಅವಳ ಕಲ್ಲು ವರ್ಷಕ್ಕಿಷ್ಟು ಈಚೆಗೆ ಬಂದು ಈಗ ಬಂಡೆಯ ತುದಿಯಲ್ಲಿತ್ತು. ಆಚೆಗೆ ಬರಿಯ ಜಾಲಿಗಿಡ. ಯಾರೂ ಹೇಳಿರಲಿಲ್ಲ, ಅವಳೇ ಸರಿದು ಬಂದಿದ್ದಳು.

ಅದಕ್ಕೇ ನಿನ್ನೆ ಸಂಜೆ ತಮಟೆಯ ಸದ್ದಿಗೆ ಕೈಯಲ್ಲಿದ್ದ ಮೊರ ಹಾಗೇ ನಿಂತದ್ದು. ಯುದ್ಧ ಶುರುವಾಗಿ ಮೂರನೆಯ ಬೇಸಿಗೆ. ಅಕ್ಕಿ ಸಿಗದಿದ್ದರೆ ಜನ ಮೀನಾದರೂ ತಿನ್ನಲಿ ಎಂದು ಸರ್ಕಾರದವರು ಕೆರೆಗಳಿಗೆ ಹೊಸ ಜಾತಿಯ ಮೀನುಮರಿ ಬಿಡುತ್ತಾರಂತೆ. ಬಿಡುವ ಮೊದಲು ಇರುವ ಮೀನು ಹೇಗಿದೆ ನೋಡಬೇಕಂತೆ. ಶ್ರೀನಿವಾಸಪುರದಿಂದ ಸೈಕಲ್ಲಿನಲ್ಲಿ ಬಂದಿದ್ದ ಚನ್ನರಾಯಪ್ಪ ಎಂಬ ಇನ್‌ಸ್ಪೆಕ್ಟರು ಚಾವಡಿಯಲ್ಲಿ ಇಳಿದುಕೊಂಡು ಡಂಗುರ ಹೊಡೆಸಿದ್ದ. ನಾಳೆ ಮೀನಿನ ಹೊಟ್ಟೆಯಲ್ಲಿ ಯಾರಿಗಾದರೂ ಹುಳ ಸಿಕ್ಕಿದರೆ ಸಾಯಿಸದೆ, ಬಿಸಾಡದೆ, ನೀರಿನಲ್ಲಿ ಹಾಕಿ ಏರಿಯ ಮೇಲಿನ ಹೊಂಗೆಮರದ ಹತ್ತಿರ ತರತಕ್ಕದ್ದು. ತಂದವರ ಮೇಲೆ ತಪ್ಪಿಲ್ಲ. ಹುಳ ಎನ್ನುವ ಮಾತನ್ನು ತಮಟೆ ಹೊಡೆದು ಬೀದಿಯಲ್ಲಿ ಕೂಗುತ್ತಿದ್ದರು! ಎದುರುಮನೆಯ ಮುನಿಯಲ್ಲಮ್ಮ ಬಾಗಿಲಲ್ಲಿ ನಿಂತು ಸೆರಗು ಬಾಯಿಗೆ ಹಿಡಿದು ನಕ್ಕಿದ್ದಳು. "ಮೀನು ತಿನ್ನದ ಮನೆಯೋನಂತೆ ಕಣಕ್ಕ ಅವನು. ಸೋರೆಕಾಯಿ ಹುಳಿ ತಿನ್ನೋನಿಗೆ ಮೀನಿನ ಹೊಟ್ಟೆ ಉಸಾಬರಿ ಯಾಕಂತೆ?" ಕದಿರಮ್ಮನೂ ನಕ್ಕಳು. ನಗುತ್ತಲೇ ಲೆಕ್ಕ ಹಾಕಿದಳು. ತಾನು ತೆಗೆದುಕೊಂಡು ಹೋಗಿ, ಬೇರೆ ಯಾರೂ ತರದೆ ಹೋದರೆ, ಹದಿನೆಂಟು ವರ್ಷದಿಂದ ತನಗೊಬ್ಬಳಿಗೆ ಗೊತ್ತಿದ್ದದ್ದು ಇಡೀ ಊರಿಗೆ ರುಜುವಾತಾಗುತ್ತದೆ. ಆ ಹುಳ ಬರುವುದು ಈ ಕೈಗೆ ಮಾತ್ರ. ತೆಗೆದುಕೊಂಡು ಹೋಗದಿದ್ದರೆ? ಹೋಗದಿದ್ದರೆ ಏನೂ ಇಲ್ಲ. ಬೂದಿ ಇದೆ. ಮುಂದಿನ ವರ್ಷ ಮತ್ತೆ ಬೂದಿ. ಆ 'ಏನೂ ಇಲ್ಲ' ಎಂಬುದೇ ಅವಳನ್ನು ಬೆಳಗಿನಿಂದ ಹಿಡಿದು ಅಲುಗಿಸುತ್ತಿತ್ತು.

"ಅಕ್ಕಾ, ಆಯ್ತಾ?" ಹಿಂದಿನಿಂದ ಭಾರತಮ್ಮನ ದನಿ. ತಿರುಗದೆಯೇ ಮಾತಾಡುವುದು ಇಲ್ಲಿಯ ಮರ್ಯಾದೆ. "ಮಾವಿನಕಾಯಿ ನೀನು ತರ್ತೀಯಾ, ನಾನು ಕಿತ್ಕೊಂಡು ಹೋಗ್ಲಾ?"

"ನೀನೇ ಕಿತ್ಕೋ. ಹುಳಿ ಜಾಸ್ತಿ ಇರೋದು ನೋಡಿ ಕಿತ್ಕೋ" ಎಂದಳು ಕದಿರಮ್ಮ. ಅವಳ ದನಿ ಅವಳಿಗೇ ಬೇರೆಯಾಗಿ ಕೇಳಿಸಿತು. ಈಳಿಗೆಮಣೆಯ ಮೇಲೆ ಕಾಲಿಟ್ಟು, ಮೀನನ್ನು ಎರಡೂ ಕೈಯಲ್ಲಿ ಹಿಡಿದು, ಗಂಟಲಿನಿಂದ ಕೆಳಕ್ಕೆ ಒಂದೇ ಎಳೆತಕ್ಕೆ ಎಳೆದಳು.

ಇತ್ತು. ಒಂದಲ್ಲ, ಎರಡು. ಈಲಿಯ ಮಗ್ಗುಲಲ್ಲಿ ತೆಳ್ಳನೆಯ ಪೊರೆಯೊಳಗೆ, ಕುಂಕುಮದ ನೀರಿನಲ್ಲಿ ಅದ್ದಿದ ದಾರದ ಹಾಗೆ ಸುತ್ತಿಕೊಂಡು. ಉಗುರಿನಿಂದ ಪೊರೆ ಬಿಡಿಸಿದಳು. ಬೆಳಕು ಬಿದ್ದ ಕೂಡಲೇ ಒಂದು ಸುತ್ತು ಬಿಚ್ಚಿತು. ಬಿಚ್ಚಿ, ಯಾವ ಕಡೆಗೆ ಹೋಗಬೇಕು ಎಂದು ಯೋಚಿಸುವ ಹಾಗೆ ನಿಂತು, ಮತ್ತೆ ಸುತ್ತಿಕೊಂಡಿತು. ಅವಳಿಗೆ ಎಂದೂ ಅಸಹ್ಯವಾಗಿರಲಿಲ್ಲ, ಇದೇ ಅವಳ ನಾಚಿಕೆ. ಲಕ್ಕೂರಿನ ತವರುಮನೆಯಲ್ಲಿ ಅವಳು ಬೆಳೆದದ್ದೇ ಹುಳುಗಳ ಮಧ್ಯೆ. ಹಿಪ್ಪುನೇರಳೆ ಸೊಪ್ಪು ಹೆಚ್ಚಿ ತಟ್ಟೆಗಳ ಮೇಲೆ ಉದುರಿಸಿ, ನಾಲ್ಕನೆಯ ಜ್ವರ ಎದ್ದ, ಎಂದರೆ ನಾಲ್ಕನೆಯ ಸಲ ಪೊರೆ ಬಿಟ್ಟ, ರೇಷ್ಮೆಹುಳು ಮೇಯುವ ಸದ್ದು ಕೇಳುತ್ತಾ ಅದೇ ಕೋಣೆಯಲ್ಲಿ ಮಲಗುತ್ತಿದ್ದಳು. ಹಣ್ಣಾದ ಹುಳುವನ್ನು ಬೆಳಕಿಗೆ ಹಿಡಿದರೆ ಒಳಗಿನ ರೇಷ್ಮೆ ಕಾಣುತ್ತದೆ. ಅದನ್ನು ನೋಡಿ ನೋಡಿ, ಇದು ಗೂಡು ಕಟ್ಟುವ ಚಂದ್ರಿಕೆಗೆ ಹೋಗಲಿ, ಇದು ಇನ್ನೊಂದು ದಿನ ಮೇಯಲಿ, ಎಂದು ಆರಿಸುವ ಕೆಲಸ ಹತ್ತು ವರ್ಷಕ್ಕೇ ಅವಳದಾಗಿತ್ತು. "ಈ ಹುಡುಗಿ ಕಣ್ಣು ತಪ್ಪಲ್ಲ" ಎಂದು ಅಪ್ಪ ಗೂಡು ಕೊಳ್ಳಲು ಬಂದವರಿಗೆಲ್ಲ ಹೇಳುತ್ತಿದ್ದ. ಆ ಕಣ್ಣು ಇಲ್ಲಿ ಬಂದು ಹದಿನೆಂಟು ವರ್ಷ, ವರ್ಷಕ್ಕೆ ಒಂದು ದಿನ, ಒಂದು ಮೀನಿನ ಹೊಟ್ಟೆಯಷ್ಟು ಜಾಗದಲ್ಲಿ, ಯಾರಿಗೂ ಹೇಳದೆ ನೋಡುತ್ತಾ ಬಂದಿತ್ತು. ಕೈ ಅಭ್ಯಾಸಬಲದಿಂದ ಬೂದಿಯ ಕಡೆಗೆ ಹೋಯಿತು. ಬೂದಿಯ ಮೇಲೆ ಒಂದು ಗಳಿಗೆ ನಿಂತಿತು. ಆಮೇಲೆ ಬಲಗಡೆಗೆ ಬಂದು, ನೀರಿದ್ದ ಹಿತ್ತಾಳೆ ಚೊಂಬಿನೊಳಗೆ ಅವೆರಡನ್ನೂ ಬಿಟ್ಟಿತು. ಮುತ್ತುಗದ ಎಲೆ ಮುಚ್ಚಿ ಎದ್ದು ನಿಂತಾಗ ಯಾಕೋ ನಗು ಬಂದುಬಿಟ್ಟಿತು.

ಎದ್ದು ನಿಂತದ್ದು ಅವಳೊಬ್ಬಳೇ. ಬಂಡೆಯ ಮಧ್ಯದಿಂದ ಹಾದುಹೋಗುವಾಗ, ಬೆನ್ನುಗಳು ಬೆನ್ನುಗಳಾಗಿಯೇ ಇದ್ದರೂ, ಕೈಗಳು ನಿಂತದ್ದು ಅವಳಿಗೆ ತಿಳಿಯಿತು. ಹುರುಪೆ ಹೆರೆಯುವ ಸದ್ದು ಒಂದೊಂದಾಗಿ ನಿಂತಿತು. ಅತ್ತೆಯ ಕಲ್ಲಿನ ಹತ್ತಿರ ಬಂದಾಗ ಮುನಿಗಂಗಮ್ಮ ತಲೆ ಎತ್ತದೆ, "ಎಲ್ಲಿಗೆ?" ಎಂದಳು.

"ಹೊಂಗೆಮರದ ಹತ್ರ."

"ಚೊಂಬಲ್ಲೇನು?"

"ನೀರು ಅತ್ತೆ" ಎಂದಳು ಕದಿರಮ್ಮ. ನಾಲ್ಕು ಹೆಜ್ಜೆ ಹೋದಮೇಲೆ ತಾನು ಆಡಿದ ಸುಳ್ಳು ಸುಳ್ಳೂ ಅಲ್ಲವೆನ್ನಿಸಿ ಇನ್ನಷ್ಟು ನಗು ಬಂತು. ಏರಿಯ ಓರೆ ಹತ್ತುವಾಗ ಚೊಂಬನ್ನು ಎದೆಗೆ ಹಿಡಿದುಕೊಂಡಿದ್ದಳು. ಕೆಳಗೆ ಬತ್ತಿದ ಕೆರೆಯ ಕೆಸರಿನಲ್ಲಿ ನೀರುಕಾಗೆಗಳು ರೆಕ್ಕೆ ಹರಡಿಕೊಂಡು ಒಣಗಿಸಿಕೊಳ್ಳುತ್ತಿದ್ದವು. ಒಮ್ಮೆ ಭಾರತಮ್ಮ ಐದು ತಿಂಗಳ ಬಸುರಿಯಾಗಿದ್ದಾಗ ಮೀನು ಬೇಕೆಂದು ಹಟಮಾಡಿದ್ದಳು. ಕದಿರಮ್ಮ ಹುಳ ಬಂದ ಮೀನಿನದೇ ಸಾರು ಮಾಡಿ ಬಡಿಸಿದ್ದಳು. ಬೇರೆ ಮೀನು ಇರಲಿಲ್ಲ, ಹೇಳಲು ಬಾಯಿ ಇರಲಿಲ್ಲ. ಆಮೇಲೆ ನಾಲ್ಕು ತಿಂಗಳು ಆ ಹೊಟ್ಟೆಯನ್ನೇ ನೋಡುತ್ತಾ ಕಳೆದಳು. ಹುಟ್ಟಿದ ಹೆಣ್ಣುಮಗು ಅತ್ತರೆ ಇವಳ ಎದೆ ನಿಲ್ಲುತ್ತಿತ್ತು, ಅಳದಿದ್ದರೂ ನಿಲ್ಲುತ್ತಿತ್ತು. ಆ ಮಗು ಗುಂಡಗೆ, ಕೆಂಪಗೆ, ತುಂಟಿಯಾಗಿ ಬೆಳೆದು ಈಗ ಹನ್ನೊಂದು ವರ್ಷದ ಆದಿಲಕ್ಷ್ಮಿ. ಮುದ್ದೆ ಮುರಿದು ನುಂಗುವುದರಲ್ಲಿ ಗಂಡಸರನ್ನು ಸೋಲಿಸುತ್ತಾಳೆ. ಆದರೂ ಅವಳಿಗೆ ಹೊಟ್ಟೆನೋವು ಎಂದರೆ ಇವತ್ತಿಗೂ ಕದಿರಮ್ಮ ಹಿತ್ತಲಿಗೆ ಹೋಗಿ ಒಬ್ಬಳೇ ನಿಲ್ಲುತ್ತಾಳೆ.

ಚನ್ನರಾಯಪ್ಪ ಮರದಡಿಯಲ್ಲಿ ಮಡಿಸುವ ಮೇಜು ಹಾಕಿಕೊಂಡು, ಟೋಪಿಯಿಂದ ನೊಣ ಓಡಿಸುತ್ತಾ ಕೂತಿದ್ದ. ಸಣಕಲು ಮನುಷ್ಯ. ಬೆಳಗಿನಿಂದ ಯಾರೂ ಬಂದಿರಲಿಲ್ಲವೆಂದು ಅವನ ಮುಖವೇ ಹೇಳುತ್ತಿತ್ತು. ಪಾಲು ಹಂಚಿ ಮುಗಿಸಿ ಬೀಡಿ ಸೇದುತ್ತಿದ್ದ ಗಂಡಸರು ನಾಲ್ಕಾರು ಮಂದಿ ದೂರದಲ್ಲಿದ್ದರು. ಅವರಲ್ಲಿ ತನ್ನ ಗಂಡ ಇಲ್ಲವೆಂದು ನೋಡಿಕೊಂಡು ಕದಿರಮ್ಮ ಚೊಂಬನ್ನು ಮೇಜಿನ ಮೇಲಿಟ್ಟಳು. ಅವನು ಎಲೆ ಸರಿಸಿದ. "ಬದುಕಿದೆ!" ಎಂದು ಕೂಗಿ ಎದ್ದೇ ನಿಂತುಬಿಟ್ಟ. ಕುರ್ಚಿ ಹಿಂದಕ್ಕೆ ಬಿತ್ತು. ಆ ಕೂಗು ಹದಿನೆಂಟು ವರ್ಷದ ಹಿಂದೆ ತಾನು ಕೂಗಿದ ಹಾಗೇ ಇತ್ತಲ್ಲ ಎಂದು ಅವಳಿಗೆ ಅನ್ನಿಸಿತು.

"ಯಾವ ಮೀನು ತಾಯಿ? ಎಲ್ಲಿತ್ತು? ಕರುಳಿನ ಒಳಗೋ, ಹೊರಗೋ?"

ಇಂಥ ಪ್ರಶ್ನೆಯನ್ನು ಅವಳ ಬದುಕಿನಲ್ಲಿ ಯಾರೂ ಕೇಳಿರಲಿಲ್ಲ. ಆದರೆ ಉತ್ತರ ಇತ್ತು. ಎಲ್ಲ ಉತ್ತರವೂ ಇತ್ತು, ಅಟ್ಟದ ಮೇಲೆ ಜೋಡಿಸಿಟ್ಟ ಮಡಕೆಗಳ ಹಾಗೆ. "ಕೊರಮೀನು ಸ್ವಾಮಿ. ಕರುಳೊಳಗೆ ಇರಲ್ಲ. ಹೊರಗೆ, ಈಲಿ ಪಕ್ಕ, ಪೊರೆ ಕಟ್ಕೊಂಡಿರ್ತದೆ. ಒಂದೊಂದು ಸಲ ಬೆನ್ನಿನ ಮಾಂಸದಲ್ಲೂ ಇರ್ತದೆ. ಗೇಣುದ್ದದ ಮೀನಲ್ಲಿ ನಾನು ಕಂಡಿಲ್ಲ, ಮೊಳದ ಹತ್ರ ಬಂದ್ರೇನೇ ಕಾಣೋದು. ಗೆಂಡೆ ಮೀನಲ್ಲಿ ಕಂಡೇ ಇಲ್ಲ. ಮಳೆ ಜಾಸ್ತಿ ಆಗಿ ಕೆರೆ ಕೋಡಿ ಬಿದ್ದ ವರ್ಷ ಕಡಿಮೆ. ನೀರು ಕಡಿಮೆ ಇದ್ದು ಹಕ್ಕಿ ಜಾಸ್ತಿ ಕೂತ ವರ್ಷ ಜಾಸ್ತಿ."

ಅವನು ಪೆನ್ಸಿಲು ಹುಡುಕಿ ಬರೆದುಕೊಳ್ಳತೊಡಗಿದ್ದ. ಬರೆಯುವುದನ್ನು ನಿಲ್ಲಿಸಿ ತಲೆ ಎತ್ತಿದ. "ಹಕ್ಕಿ ವಿಷಯ ನಿಮಗೆ ಯಾರು ಹೇಳಿದರು?"

"ಯಾರೂ ಹೇಳಿಲ್ಲ. ಇಲ್ಲಿ ಕೂತ್ರೆ ಕಾಣ್ತದಲ್ಲ."

"ಎಷ್ಟು ವರ್ಷದಿಂದ ನೋಡ್ತಿದ್ದೀರಿ?"

"ಹದಿನೆಂಟು" ಎಂದಳು. ಆ ಸಂಖ್ಯೆ ಹೊರಗೆ ಬಂದಾಗ ಅದರ ತೂಕವೇ ಬೇರೆಯಾಗಿತ್ತು. ಅವನು ಅದನ್ನೂ ಬರೆದುಕೊಂಡ. ಬರೆದು ಕೆಳಗೊಂದು ಗೆರೆ ಎಳೆದ. ಆಮೇಲೆ ಭೂತಗನ್ನಡಿಯನ್ನು ಅವಳ ಕೈಗೆ ಕೊಟ್ಟು, ಒಂದು ಬಿಳಿಯ ಪಿಂಗಾಣಿ ತಟ್ಟೆಯಲ್ಲಿ ಹುಳವನ್ನು ಬಿಟ್ಟು, ನೋಡಿ ಎಂದ. ಮೊದಲು ಬರಿಯ ಮಂಜು. ಗಾಜನ್ನು ಮೆಲ್ಲಗೆ ಮೇಲೆ ಕೆಳಗೆ ಮಾಡಿದಳು. ಒಮ್ಮೆಲೇ ಅದು ಬಂದುಬಿಟ್ಟಿತು. ಅಷ್ಟು ದೊಡ್ಡದಾಗಿ, ಅಷ್ಟು ಹತ್ತಿರ! ಮೈಯ ಮೇಲೆ ನವಿರಾದ ಉಂಗುರ ಉಂಗುರ ಗೆರೆಗಳು, ಕೆಂಪು ಚರ್ಮದ ಒಳಗೆ ಇನ್ನೊಂದು ಕಪ್ಪು ಗೆರೆ ಉದ್ದಕ್ಕೂ, ತುದಿಯಲ್ಲಿ ಬಾಯಿ ಇರಬೇಕು, ಸಾಸಿವೆಗಿಂತ ಸಣ್ಣ ಬಾಯಿ. ಅದು ಹೊರಳಿತು. ಚನ್ನರಾಯಪ್ಪ ಎಲ್ಲೋ ದೂರದಿಂದ ಮಾತಾಡುತ್ತಿರುವ ಹಾಗೆ ಕೇಳಿಸಿತು. "ಇದು ಇದರ ಮನೆ ಅಲ್ಲ ತಾಯಿ. ಮೀನಿನ ಹೊಟ್ಟೇಲಿ ಇದು ಬೆಳೆಯೋದಿಲ್ಲ, ಮೊಟ್ಟೆ ಇಡೋದಿಲ್ಲ. ಸುಮ್ಮನೆ ಸುತ್ತಿಕೊಂಡು ಕಾಯ್ತಾ ಇರುತ್ತೆ. ನೀರುಕಾಗೆ ಈ ಮೀನನ್ನ ನುಂಗಿದರೆ ಅದರ ಹೊಟ್ಟೇಲಿ ದೊಡ್ಡದಾಗುತ್ತೆ. ಅಲ್ಲಿಂದ ಮೊಟ್ಟೆ ಮತ್ತೆ ಕೆರೆಗೆ. ಮೊಟ್ಟೆಯಿಂದ ಮೀನಿಗೆ ಹೇಗೆ ಬರುತ್ತೆ ಅಂತ ನನಗಂತೂ ಇನ್ನೂ ಗೊತ್ತಿಲ್ಲ."

"ತಿಂದ್ರೆ?" ಎಂದಳು ಕದಿರಮ್ಮ, ಗಾಜಿನಿಂದ ಕಣ್ಣು ತೆಗೆಯದೆ. "ಬಸುರಿ ಹೆಂಗಸು, ಗೊತ್ತಿಲ್ಲದೆ, ಈ ಮೀನಿನ ಸಾರು ತಿಂದ್ರೆ?"

"ಬೆಂದರೆ ಇದು ಸತ್ತುಹೋಗುತ್ತೆ. ಸಾರಲ್ಲಿ ಕುದ್ದ ಮೇಲೆ ಇದೂ ಒಂದೇ, ಮಾಂಸವೂ ಒಂದೇ. ಹಸಿ ಮೀನು ತಿನ್ನಬಾರದು ಅಷ್ಟೇ."

ಹನ್ನೊಂದು ವರ್ಷ. ಅವಳಿಗೆ ಕುಣಿಯಬೇಕೆನ್ನಿಸಿತು. ಅಳು ಬರಬೇಕಾದ ಜಾಗದಲ್ಲಿ ಕಾಲುಗಳಿಗೆ ಏನೋ ಆಗುತ್ತಿತ್ತು. ಆಗಲೇ ಅವನು, ಪಾಪ, ಏನೂ ಅರಿಯದೆ, ದನಿ ಎತ್ತಿ ಕೇಳಿದ್ದು: "ಬೇರೆ ಯಾರೂ ತರಲೇ ಇಲ್ಲವಲ್ಲ. ನಿಮ್ಮ ಮೀನಲ್ಲಿ ಮಾತ್ರ ಬರುತ್ತದೋ?"

ಕದಿರಮ್ಮ ತಲೆ ಎತ್ತಿದಳು. ಯಾವಾಗಲೋ ಹೆಂಗಸರೆಲ್ಲ ಏರಿ ಹತ್ತಿ ಬಂದು ನಿಂತಿದ್ದರು. ಮುಂದೆ ಮುನಿಗಂಗಮ್ಮ, ಅವಳ ಹಿಂದೆ ಭಾರತಮ್ಮ, ಕೈಯಲ್ಲಿ ಬೂದಿ ಮೆತ್ತಿಕೊಂಡ ಮುನಿಯಲ್ಲಮ್ಮ. ಮುನಿಗಂಗಮ್ಮ ಸೆರಗು ಸರಿಮಾಡಿಕೊಂಡು, ದೊಡ್ಡಮನೆಯ ಹಿರಿಯಳು ಅಧಿಕಾರಿಯ ಹತ್ತಿರ ಆಡುವ ದನಿಯಲ್ಲಿ ಹೇಳಿದಳು: "ನಮ್ಮೂರಲ್ಲಿ ಇದೆಲ್ಲ ಇಲ್ಲ ಸ್ವಾಮಿ. ಇವಳೊಬ್ಬಳ ಕೈಗೆ ಬರ್ತದೆ. ಅದೇನು ಕರ್ಮವೋ."

ನೆಲ ಬಾಯಿಬಿಡಬೇಕಿತ್ತು. ಹದಿನೆಂಟು ವರ್ಷದಿಂದ ಹೆದರಿಕೊಂಡದ್ದು ಇದಕ್ಕೇ, ಈ ಮಾತು ಹಗಲು ಬೆಳಕಿನಲ್ಲಿ ನಾಲ್ಕು ಜನರ ಮುಂದೆ ಬೀಳುವುದಕ್ಕೆ. ಬಿತ್ತು. ಬಿದ್ದಮೇಲೆ ಕದಿರಮ್ಮನಿಗೆ ಆಶ್ಚರ್ಯವಾದದ್ದೆಂದರೆ, ತಾನು ಇನ್ನೂ ಭೂತಗನ್ನಡಿಯ ಹಿಡಿಯನ್ನು ಗಟ್ಟಿಯಾಗಿ ಹಿಡಿದುಕೊಂಡಿದ್ದೇನೆ, ಮತ್ತು ಮನಸ್ಸು ಅವಮಾನಕ್ಕೆ ಹೋಗದೆ, ಹಟಮಾರಿ ದನದ ಹಾಗೆ, ಹುಳದ ಹಿಂದೆಯೇ ಹೋಗುತ್ತಿದೆ. ನೀರುಕಾಗೆ ಕೆರೆಯ ತುಂಬ ಹಾರಾಡುತ್ತದೆ. ಕೆರೆ ಒಂದೇ. ಪಾಲು ಚೀಟಿಯಲ್ಲಿ ಎತ್ತಿದ್ದು. "ಒಂದೇ ಕೆರೆ ಸ್ವಾಮಿ" ಎಂದಳು, ಯೋಚಿಸುತ್ತಾ. "ನನ್ನ ಪಾಲಿಗೆ ಬರೋ ಮೀನು ಯಾವ್ದು ಅಂತ ಅದಕ್ಕೆ ಮೊದ್ಲೇ ಹೆಂಗೆ ಗೊತ್ತಾಗ್ತದೆ?"

ಚನ್ನರಾಯಪ್ಪ ನಕ್ಕ. "ಹುಳಕ್ಕೆ ಚೀಟಿ ಓದೋಕೆ ಬರಲ್ಲ ತಾಯಿ."

ಆ ನಗು ಮುಗಿಯುವುದರೊಳಗೆ ಅವಳು ಮೇಜಿನ ಕೆಳಗಿದ್ದ ಅವನ ನೀರಿನ ಬಿಂದಿಗೆ ಎತ್ತಿಕೊಂಡು ಏರಿ ಇಳಿಯುತ್ತಿದ್ದಳು. ನಡೆಯುತ್ತಿರಲಿಲ್ಲ, ಓಡುತ್ತಿದ್ದಳು. ಹಿಂದೆ ಅತ್ತೆ ಕೂಗಿದ್ದು ಕೇಳಿಸಿತು. ಕೋಡಿಬಂಡೆಯ ಮೇಲೆ ಯಾರೂ ಇರಲಿಲ್ಲ. ಕಲ್ಲುಗಳು ಮಾತ್ರ, ಪ್ರತಿ ಕಲ್ಲಿನ ಎಡಕ್ಕೆ ಒಂದೊಂದು ಬೂದಿಯ ಗುಡ್ಡೆ. ಮೊದಲು ಸಿಕ್ಕಿದ್ದು ಭಾರತಮ್ಮನ ಕಲ್ಲು. ಇನ್ನೊಬ್ಬಳ ಬೂದಿ ಮುಟ್ಟಬಾರದು. ಬಗ್ಗಿ ಬಿಂದಿಗೆಯ ನೀರನ್ನು ಗುಡ್ಡೆಯ ಮೇಲೆ ಸುರಿದಳು. ಬೂದಿ ಕರಗಿ ಬಂಡೆಯ ಮೇಲೆ ಬೆಳ್ಳಗೆ ಹರಿಯಿತು. ಕರುಳು, ಕಿವಿರು, ಹುರುಪೆ. ಆಮೇಲೆ ಕೆಂಪಗೆ ಒಂದು ಎಳೆ. ಇನ್ನೊಂದು. ಮೂರು, ನಾಲ್ಕು. ಮುನಿಯಲ್ಲಮ್ಮನ ಗುಡ್ಡೆಯ ಮೇಲೆ ಸುರಿದಳು, ಎರಡು. ಅದರಾಚೆಯ ಕಲ್ಲು, ಒಂದು. ಅದರಾಚೆಯದರಲ್ಲಿ ಇಲ್ಲ, ಬರಿಯ ಗೆಂಡೆಯ ಹುರುಪೆ. ಅದರಾಚೆ ಮೂರು. ಅವಳು ದೊಡ್ಡ ದನಿಯಲ್ಲಿ ಎಣಿಸುತ್ತಿದ್ದಳು, ಅದು ಅವಳಿಗೆ ಗೊತ್ತಿರಲಿಲ್ಲ. ಬಿಂದಿಗೆಯ ಕೊನೆಯ ನೀರು ಅತ್ತೆಯ ಗುಡ್ಡೆಗೆ ಸಾಕಾಯಿತು. ಐವತ್ತು ವರ್ಷದಿಂದ ಒಂದೇ ಜಾಗದಲ್ಲಿದ್ದ ನುಣ್ಣನೆಯ ಕಲ್ಲು ಅದು. ಆ ಬೂದಿಯ ಕೆಳಗಿನಿಂದ ಏಳು ಹುಳ ಬಂದವು. ಒಂದೂ ಹರಿದಿರಲಿಲ್ಲ, ತುಂಡಾಗಿರಲಿಲ್ಲ. ಎಷ್ಟು ಪಳಗಿದ ಬೆರಳು ಬೇಕು ಹಾಗೆ ಬಿಡಿಸುವುದಕ್ಕೆ!

ಮೇಲೆ ಹೆಂಗಸರು ಏರಿಯ ಅಂಚಿಗೆ ಬಂದು ನಿಂತಿದ್ದರು. ಚನ್ನರಾಯಪ್ಪ ಸೀಸೆ ಹಿಡಿದುಕೊಂಡು ಜಾರುತ್ತಾ ಓಡಿಬರುತ್ತಿದ್ದ. ಎಲ್ಲರಿಗಿಂತ ಮೊದಲು ಬಾಯಿಬಿಟ್ಟವಳು ಮುನಿಯಲ್ಲಮ್ಮ. "ಅಯ್ಯೋ ದೇವುಡಾ, ನಿನಗೂನಾ?" ಎಂದು ಪಕ್ಕದವಳ ಭುಜಕ್ಕೆ ಹೊಡೆದಳು. "ನಾನು ನನಗೊಬ್ಬಳಿಗೇ ಅಂದ್ಕೊಂಡು ಸಾಯ್ತಿದ್ದೆನಲ್ಲೇ! ನಮ್ಮೆಜಮಾನ್ರ ಕೆಮ್ಮಿಗೆ ಇದೇ ಕಾರಣ ಅಂತ ಮುಳಬಾಗಿಲು ಹನುಮಂತರಾಯನಿಗೆ ಹರಕೆ ಬೇರೆ ಕಟ್ಟಿದ್ದೆ!" ಒಬ್ಬಳು ನಕ್ಕಳು. ಆಮೇಲೆ ಎಲ್ಲರೂ ಒಟ್ಟಿಗೆ ಮಾತಾಡತೊಡಗಿದರು, ಯಾರ ಮಾತೂ ಯಾರಿಗೂ ಬೇಕಿರಲಿಲ್ಲ.

ಅವರೆಲ್ಲ ಇಳಿದು ಬರುವಾಗ ಕದಿರಮ್ಮ ಖಾಲಿ ಬಿಂದಿಗೆ ಹಿಡಿದು ನಿಂತಿದ್ದಳು. ಸಂತೋಷವೇ. ಕುತ್ತಿಗೆಯವರೆಗೂ ಸಂತೋಷ. ಆದರೆ ಅದರ ಕೆಳಗೆಲ್ಲೋ, ಕಳೆದುಕೊಂಡವಳ ಹಾಗೆ, ಸಣ್ಣಗೆ ಏನೋ ಚುಚ್ಚಿತು. ಎಲ್ಲರಿಗೂ ಬರುತ್ತಿತ್ತು. ತನಗಾಗಿ ಕಾದಿರಲಿಲ್ಲ. ಶಾಪವೇ ಆಗಿದ್ದರೂ ತನ್ನದೊಬ್ಬಳದೇ ಎಂದು ಇಷ್ಟು ವರ್ಷ ಮುಚ್ಚಟೆಯಿಂದ ಇಟ್ಟುಕೊಂಡಿದ್ದಳಲ್ಲ. ಇನ್ನು ಮಕ್ಕಳಾಗದ್ದಕ್ಕೆ ಕಾರಣವೂ ಇಲ್ಲ. ಬರಿದೇ ಆಗಲಿಲ್ಲ. ಆ ಬರಿದು ಎಷ್ಟು ಅಗಲವಾಗಿತ್ತೆಂದರೆ, ಹೆದರಿಕೆಯಾಗಬೇಕಿತ್ತು, ಆದರೆ ಬತ್ತಿದ ಕೆರೆಯ ಮೇಲಿಂದ ಬೀಸುವ ಗಾಳಿಯ ಹಾಗೆ ಅದು ಮೈಗೆ ಹಿತವಾಗಿಯೇ ತಾಕಿತು.

ಮೀನಿನ ಬುಟ್ಟಿ ಹೊತ್ತು ಮನೆಗೆ ಹೋಗುವ ದಾರಿಯಲ್ಲಿ, ಮಾವಿನ ತೋಪಿನ ಬೇಲಿಯ ಪಕ್ಕ, ಅತ್ತೆ ಸೊಸೆ ಇಬ್ಬರೇ ಆದರು. ಭಾರತಮ್ಮ ಕಾಯಿ ಕೀಳಲು ಹಿಂದೆ ಉಳಿದಿದ್ದಳು. ಮುನಿಗಂಗಮ್ಮ, "ನನಗೆ ಕಣ್ಣು ಕಾಣಲ್ಲ. ಬೂದೀಲಿ ಏನಿತ್ತೋ ಏನೋ" ಎಂದಳು.

"ಏಳಿದ್ವು ಅತ್ತೆ. ಒಂದೂ ಹರಿದಿರಲಿಲ್ಲ."

ಮುನಿಗಂಗಮ್ಮ ಹೆಜ್ಜೆ ಚುರುಕು ಮಾಡಿದಳು. ಕದಿರಮ್ಮನೂ ಬಿಡದೆ ಪಕ್ಕಕ್ಕೇ ಬಂದಳು.

"ನಮ್ಮ ಮನೇಲಿ ಯಾವತ್ತೂ ಬಂದಿಲ್ಲ ಅಂದಿದ್ರಲ್ಲ?"

"ನಮ್ಮತ್ತೆ ನನಗೆ ಹಂಗೇ ಅಂದಿದ್ರು."

"ನೀವು ನಂಬಿದ್ರಾ?"

ಮುನಿಗಂಗಮ್ಮ ನಿಂತಳು. ಬುಟ್ಟಿಯನ್ನು ಒಂದು ಸೊಂಟದಿಂದ ಇನ್ನೊಂದಕ್ಕೆ ಬದಲಾಯಿಸಿಕೊಂಡಳು. "ನಿನ್ನ ಗಂಡ ಕೋದಂಡರಾಮ ಹುಟ್ಟೋ ತನಕ ನಂಬಿದ್ದೆ" ಎಂದಳು. "ಆರು ವರ್ಷ. ಅವನು ಹುಟ್ಟಿದ ಮೇಲೆ ಇದರ ಯೋಚನೇನೇ ಹೋಯ್ತು."

ಕದಿರಮ್ಮನಿಗೆ ಕೋಪ ಬಂತು. ಅದು ಬರುವುದನ್ನು ಕಂಡಳು, ಬಂದು ಎದುರು ನಿಂತದ್ದನ್ನು ಕಂಡಳು. ಆರು ವರ್ಷ ಇದೇ ದಾರಿಯಲ್ಲಿ, ಇದೇ ಬುಟ್ಟಿ ಹೊತ್ತು, ಖಾಲಿ ಹೊಟ್ಟೆಯ ಒಬ್ಬ ಹುಡುಗಿ ತಲೆ ತಗ್ಗಿಸಿಕೊಂಡು ನಡೆದಿದ್ದಳು. ಅವಳಿಗೆ ಬಿಡುಗಡೆಯಾಯಿತು, ಆಗಿ ಮರೆತಳು. ಮರೆತವಳೇ ಬಂದು ತನ್ನ ಮಣಿಕಟ್ಟು ಹಿಡಿದಳು. ಈಗ ಏನಾದರೂ ಆಡಿದರೆ ದೊಡ್ಡ ಮಾತಾಗುತ್ತಿತ್ತು. "ಬುಟ್ಟಿ ಇಲ್ಲಿ ಕೊಡಿ" ಎಂದಳು. ಮುನಿಗಂಗಮ್ಮ ಕೊಡಲಿಲ್ಲ. ತಲೆ ಅಲ್ಲಾಡಿಸಿ ತಾನೇ ಹೊತ್ತುಕೊಂಡು ಮುಂದೆ ನಡೆದಳು.

ಮಧ್ಯಾಹ್ನ ಕೋದಂಡರಾಮಪ್ಪ, ಅವನ ತಮ್ಮ ಶ್ರೀರಾಮಪ್ಪ ಕೈಕಾಲು ತೊಳೆದು ಬಂದು ಕೂತರು. ಮಾವಿನಕಾಯಿ ಹಾಕಿದ ಮೀನಿನ ಸಾರಿನ ವಾಸನೆ ನಡುಮನೆಯೆಲ್ಲ ತುಂಬಿತ್ತು. ಕದಿರಮ್ಮ ಬಿಸಿ ಮುದ್ದೆ ಇಟ್ಟಳು, ಮಧ್ಯದ ದೊಡ್ಡ ತುಂಡು ನೋಡಿ ಗಂಡನ ತಟ್ಟೆಗೆ ಹಾಕಿದಳು, ಸಾರು ಬಿಟ್ಟಳು. ಅವನು ಮುದ್ದೆ ಮುರಿದು ಸಾರಿನಲ್ಲಿ ಅದ್ದಿದ. ಇನ್ನು ಅವಳು ಅಡುಗೆಮನೆಗೆ ಹೋಗಬೇಕು. ಇಷ್ಟು ವರ್ಷವೂ ಹೋಗಿದ್ದಳು. ಹೋಗಿ, ಒಲೆಯ ಮುಂದೆ ಕೂತು, ನುಂಗುವ ಸದ್ದನ್ನು ಕೇಳಿಸಿಕೊಂಡಿದ್ದಳು. ಇವತ್ತು ಸಾರಿನ ಪಾತ್ರೆ ಹಿಡಿದು ಅಲ್ಲೇ ನಿಂತಳು.

"ಈ ಮೀನಿನ ಹೊಟ್ಟೇಲಿ ಹುಳ ಇತ್ತು" ಎಂದಳು. "ಎರಡು. ತೆಗೆದೆ."

ಅವನ ಕೈ ತಟ್ಟೆಗೂ ಬಾಯಿಗೂ ನಡುವೆ ನಿಂತಿತು. ಶ್ರೀರಾಮಪ್ಪ ಅಗಿಯುವುದನ್ನು ನಿಲ್ಲಿಸಿದ. ಒಳಗೆ, ಅಡುಗೆಮನೆಯ ಕತ್ತಲಲ್ಲಿ, ಅತ್ತೆಯ ಬಳೆ ಸದ್ದಾಗಿ ಸುಮ್ಮನಾಯಿತು.

"ಉಣ್ಣೋ ಹೊತ್ತಲ್ಲಿ ಏನೇ ಇದು ಮಾತು?"

"ಪ್ರತಿ ವರ್ಷ ಇರ್ತದೆ. ಬೆಂದ ಮೇಲೆ ಏನೂ ಆಗಲ್ಲ. ಹದಿನೆಂಟು ವರ್ಷದಿಂದ ತಿಂತಿದ್ದೀರಲ್ಲ, ಏನಾಗಿದೆ?" ಗಾಜಿನೊಳಗೆ ಅದು ಹೊರಳಿದ್ದು ಕಣ್ಣ ಮುಂದೆ ಬಂದು, ಯಾರಿಗಾದರೂ ಹೇಳದಿದ್ದರೆ ಸಿಡಿದುಹೋಗುತ್ತೇನೆ ಅನ್ನಿಸುತ್ತಿತ್ತು. "ಅದು ಮೀನಿಂದಲ್ಲ. ನೀರುಕಾಗೇದು. ಮೈಮೇಲೆ ಉಂಗುರ ಉಂಗುರ ಇರ್ತದೆ. ಕೆಂಪು ಅಂದ್ರೆ ಕೆಂಪು."

ಕೋದಂಡರಾಮಪ್ಪ ತುತ್ತನ್ನು ನೋಡಿದ, ಹೆಂಡತಿಯನ್ನು ನೋಡಿದ. ಈ ಮುಖವನ್ನು ಎಲ್ಲೋ ನೋಡಿದ್ದೇನೆ ಎನ್ನುವ ಹಾಗೆ ನೋಡಿದ. ಅವನು ಬೈಯಬಹುದು, ತಟ್ಟೆ ತಳ್ಳಿ ಏಳಬಹುದು. ಎದ್ದರೆ ಏಳಲಿ ಎಂದು ಅವಳು ನಿಂತಳು.

"ಎಷ್ಟುದ್ದ ಇರ್ತದೆ?" ಎಂದ ಅವನು.

ಕದಿರಮ್ಮ ಪಾತ್ರೆಯನ್ನು ಕೆಳಗಿಟ್ಟು, ಬಲಗೈಯ ತೋರುಬೆರಳನ್ನು ಎಡಗೈಯ ಬೆರಳಿನಿಂದ ಅಳೆದು, ಎತ್ತಿ ಹಿಡಿದು ತೋರಿಸಿದಳು. "ಇಷ್ಟು."

"ಅಷ್ಟೇ ಅಲ್ಲಕ್ಕ!" ಅಡುಗೆಮನೆಯ ಬಾಗಿಲಿಗೆ ಭಾರತಮ್ಮ ಬಂದು ನಿಂತಿದ್ದಳು, ಕೈಯಲ್ಲಿ ಸೌಟು ಹಾಗೇ ಇತ್ತು. "ನಿಂದು ಅಷ್ಟಿರಬೋದು. ನಂದು ಇದಕ್ಕಿಂತ ಉದ್ದ ಇತ್ತು."

"ನಿಂದ್ಯಾವ್ದೇ ಉದ್ದ?" ಕತ್ತಲಿನಿಂದ ಮುನಿಗಂಗಮ್ಮನ ದನಿ ಬಂತು. "ಶ್ರೀರಾಮ ಹುಟ್ಟಿದ ವರ್ಷ ನನಗೊಂದು ಸಿಕ್ಕಿತ್ತು, ಗೇಣುದ್ದ."

ಕದಿರಮ್ಮ ಗಂಡಸರ ಎದುರಿಗೇ ನೆಲದ ಮೇಲೆ ಕೂತುಬಿಟ್ಟಳು. "ಎಲ್ಲಿತ್ತು ಅತ್ತೆ?" ಎಂದಳು. "ಈಲಿ ಹತ್ರನೋ, ಬೆನ್ನಲ್ಲೋ?"